ಲೆಕ್ಕಕ್ಕೆ ಸಿಗದ ಹದಿಮೂರು ಹುಳು

ಮಾರ್ಚ್ ೩, ಸೋಮವಾರ

ಡಾಕ್ಟರು ಇವತ್ತು ನನ್ನ ಹಿಮ್ಮಡಿಯನ್ನು ನೋಡಿದ ರೀತಿ ನನಗೆ ಹಿಡಿಸಲಿಲ್ಲ. ಆ ನೋಟ ನನಗೆ ಗೊತ್ತು. ಮೂವತ್ತನಾಲ್ಕು ವರ್ಷ ನಾನು ಮಾಂಸ ತಪಾಸಣೆಯ ಕೆಲಸದಲ್ಲಿ ಅದೇ ಕಣ್ಣಿನಿಂದ ಕೊಕ್ಕೆಗೆ ತೂಗುಹಾಕಿದ ಮಾಂಸವನ್ನು ನೋಡಿದ್ದೇನೆ. ಮೊದಲು ಬಣ್ಣ, ಆಮೇಲೆ ವಾಸನೆ, ಕೊನೆಗೆ ಹೆಬ್ಬೆರಳಿನಿಂದ ಒಂದು ಒತ್ತು. ಒತ್ತಿದ ಗುಳಿ ಮೇಲೆ ಬಂದರೆ ತಿನ್ನಲು ಯೋಗ್ಯವೆಂಬ ನೇರಳೆ ಮುದ್ರೆ, ಬಾರದಿದ್ದರೆ ಎಸೆಯಬೇಕೆಂಬ ಕೆಂಪು ಚೀಟಿ. ಡಾಕ್ಟರು ಒತ್ತಿದರು. ಗುಳಿ ಹಾಗೇ ಉಳಿಯಿತು.

"ನೋವಾಗ್ತಿದ್ಯಾ?"

"ಇಲ್ಲ."

"ಅದೇ ತೊಂದರೆ," ಎಂದರು.

ಸಕ್ಕರೆ ಕಾಯಿಲೆ ಪಾದದ ನರಗಳನ್ನು ಕೊಂದುಹಾಕಿದೆ. ಬೂಟಿನ ಮೊಳೆ ಎರಡು ದಿನ ಹಿಮ್ಮಡಿಗೆ ಚುಚ್ಚಿಕೊಂಡಿದ್ದರೂ ನನಗೆ ತಿಳಿದಿರಲಿಲ್ಲ. ಈಗ ಹುಣ್ಣು ನಾಲ್ಕು ಬೆರಳಗಲ. ಅಂಚು ಕಪ್ಪು, ನಡುವೆ ಹಳದಿ. ನಾನಾಗಿದ್ದರೂ ಕೆಂಪು ಚೀಟಿಯನ್ನೇ ಅಂಟಿಸುತ್ತಿದ್ದೆ. ಡಾಕ್ಟರು ಮೊಣಕಾಲಿನ ಕೆಳಗೆ ಬೆರಳಿನಿಂದ ಗೆರೆ ಎಳೆದು ತೋರಿಸಿದರು, ಬಡಗಿ ಹಲಗೆಯ ಮೇಲೆ ಎಳೆಯುವ ಹಾಗೆ.

ಕತ್ತರಿಸುವವನಿಗೆ ಕತ್ತರಿಸುವುದು ಕಸುಬು. ಸಂಶಯಪಡುವುದು ನನ್ನ ಕಸುಬು. ನಿವೃತ್ತಿಯಾದದ್ದು ಕುರ್ಚಿಯಿಂದ ಮಾತ್ರ. ಆದ್ದರಿಂದ ಇವತ್ತಿನಿಂದ ಈ ಪುಸ್ತಕ. ಯಾರು ಏನು ಹೇಳಿದರು, ಯಾವ ದಿನ ಹೇಳಿದರು, ಎಲ್ಲ ಇಲ್ಲಿರಲಿ. ಹೆಂಡತಿ ಇದನ್ನು ಮುಟ್ಟುವುದಿಲ್ಲ. ಅವಳಿಗೆ ನನ್ನ ಅಕ್ಷರಕ್ಕಿಂತ ಲೈಬ್ರರಿಯಿಂದ ತರುವ ರಾಕ್ಷಸರ ಕಾದಂಬರಿಗಳೇ ಇಷ್ಟ.

ಮಾರ್ಚ್ ೫, ಬುಧವಾರ

ಮಗನ ಹೆಂಡತಿ ಊಟದ ನಡುವೆ ಒಂದು ಮಾತು ತೆಗೆದಳು. ಹುಳು ಬಿಡೋಣ ಎಂದಳು. ನನ್ನ ಕಾಲಿಗೆ.

ಅವಳ ಕೆಲಸ ನೊಣದ ಕಾರ್ಖಾನೆಯಲ್ಲಿ. ಮದುವೆಯ ಮಾತುಕತೆಯಲ್ಲಿ ಇದನ್ನು "ಜೀವವಿಜ್ಞಾನದ ಕಂಪನಿ" ಎಂದಿದ್ದರು. ಒಂದು ಸಲ ಹೋಗಿ ನೋಡಿದ್ದೇನೆ. ಮುಂದಿನ ಶೆಡ್ಡಿನಲ್ಲಿ ತೊಟ್ಟಿಗಳ ಸಾಲು. ಹೋಟೆಲುಗಳ ಎಂಜಲು ದಿನಕ್ಕೆ ಎಂಟು ಟನ್ ಬಂದು ಬೀಳುತ್ತದೆ. ಅದನ್ನು ಮರಿಹುಳುಗಳು ತಿಂದು ಕೊಬ್ಬುತ್ತವೆ, ಅವುಗಳನ್ನು ಒಣಗಿಸಿ ಪುಡಿ ಮಾಡಿ ಕೋಳಿಗೆ ಹಾಕುತ್ತಾರೆ, ಕೋಳಿಯನ್ನು ಮತ್ತೆ ಹೋಟೆಲಿಗೆ. ತೊಟ್ಟಿಯ ಹತ್ತಿರ ಕಿವಿಯಿಟ್ಟರೆ ತಗಡಿನ ಮೇಲೆ ತುಂತುರು ಬಿದ್ದ ಹಾಗೆ ಸದ್ದು. ಅಷ್ಟೂ ಬಾಯಿಗಳ ಸದ್ದು. ಹಿಂಭಾಗದಲ್ಲಿ ಒಂದು ಗಾಜಿನ ಕೋಣೆ, ಅಲ್ಲಿ ಬೇರೆ ಜಾತಿಯ ನೊಣ, ಹಸಿರು ಬೆನ್ನಿನದು. ಅದರ ಮೊಟ್ಟೆಗಳನ್ನು ತೊಳೆದು, ರೋಗಾಣು ಇಲ್ಲದ ಹಾಗೆ ಮಾಡಿ, ಮರಿಯಾದ ಮೇಲೆ ಆಸ್ಪತ್ರೆಗಳಿಗೆ ಕೊಡುತ್ತಾರೆ. ಆ ಕೋಣೆಯ ಉಸ್ತುವಾರಿ ಇವಳದು.

ನೊಣ! ನನ್ನ ಇಡೀ ಸರ್ವೀಸಿನಲ್ಲಿ ನಾನು ಹಗೆ ಸಾಧಿಸಿದ್ದು ಈ ಒಂದು ಜೀವಿಯ ಮೇಲೆ. ಒಂದೇ ಒಂದು ಹಸಿರು ನೊಣ ಕಂಡದ್ದಕ್ಕೆ ಇಡೀ ಶೈತ್ಯಾಗಾರವನ್ನು ಎರಡು ದಿನ ಮುಚ್ಚಿಸಿದವನು ನಾನು. ಮಾಂಸದ ಕಾರ್ಖಾನೆಯವರು ಬೆನ್ನ ಹಿಂದೆ ನನ್ನನ್ನು "ನೊಣಪ್ಪ" ಎನ್ನುತ್ತಿದ್ದರು. ಗೊತ್ತಿತ್ತು. ಬೇಸರವಿರಲಿಲ್ಲ.

"ಮಾವ, ಅವು ಸತ್ತ ಮಾಂಸ ಮಾತ್ರ ತಿಂತಾವೆ. ಜೀವ ಇರೋದನ್ನ ಮುಟ್ಟಲ್ಲ," ಎಂದಳು.

"ಅದನ್ನ ಅವಕ್ಕೆ ಯಾರು ಹೇಳಿಕೊಟ್ರು?"

"ಯಾರೂ ಹೇಳ್ಕೊಡಬೇಕಾಗಿಲ್ಲ. ಹೊಟ್ಟೇನೇ ಹೇಳತ್ತೆ."

ಡಾಕ್ಟರಿಗೆ ಅಲ್ಲೇ ಫೋನು ಮಾಡಿದಳು. ಅವರು ಒಪ್ಪಿಬಿಟ್ಟರು. ಮೂರು ಸುತ್ತು ನೋಡೋಣ, ಆಗಲಿಲ್ಲವೆಂದರೆ ಕತ್ತರಿ ಇದ್ದೇ ಇದೆ ಎಂದರಂತೆ. ಇಷ್ಟು ಬೇಗ ಒಪ್ಪುವವರನ್ನು ನಾನು ನಂಬುವುದಿಲ್ಲ. ಇವಳ ಕಂಪನಿಗೆ ವರದಿ ಬರೆಯಲು ಒಂದು ಕಾಲು ಬೇಕಾಗಿರಬಹುದು. ಮನೆಯಲ್ಲೇ ಒಂದು ಇದೆಯಲ್ಲ, ಬಿಟ್ಟಿಗೆ.

ಮಗ ಶೈತ್ಯಯಂತ್ರವಿರುವ ಲಾರಿ ಓಡಿಸುತ್ತಾನೆ. ಈಗ ಎಲ್ಲೋ ಗಡಿಯ ತಪಾಸಣೆಗೆ ಲಾರಿಗಳ ಸಾಲಿನಲ್ಲಿ ನಿಂತಿದ್ದಾನೆ. "ಅವಳು ಹೇಳಿದ ಹಾಗೆ ಕೇಳಿ ಅಪ್ಪಾ," ಎಂದು ಅಲ್ಲಿಂದಲೇ ಅಪ್ಪಣೆ ಮಾಡಿದ.

ಮಾರ್ಚ್ ೮, ಶನಿವಾರ

ಹೆಂಡತಿ ಹೊಸ ಕಾದಂಬರಿಯನ್ನು ಗಟ್ಟಿಯಾಗಿ ಓದಿದಳು. ಒಂದು ಊರಿನ ನೆಲದಡಿಯಲ್ಲಿ ಒಂದು ಬಾಯಿ ಇದೆ. ಬರೀ ಬಾಯಿ. ವಾರಕ್ಕೊಬ್ಬರನ್ನು ನುಂಗುತ್ತದೆ.

"ಸುಳ್ಳು," ಎಂದೆ. "ವಾರಕ್ಕೊಬ್ಬ ಅಂದ್ರೆ ಎಪ್ಪತ್ತು ಕಿಲೋ. ಮೂಳೆ, ಕರುಳು ಕಳೆದ್ರೆ ಮೂವತ್ತು. ಊರಿನಷ್ಟು ಅಗಲದ ಪ್ರಾಣಿಗೆ ಅದು ಹಲ್ಲಿನ ಸಂದಿಗೂ ಸಾಲಲ್ಲ."

"ನಿಮ್ಮ ಸಂಶಯದ ಹೊಟ್ಟೆ ಎದುರು ಇದರದ್ದು ಅಜೀರ್ಣದ ಹೊಟ್ಟೆ ಬಿಡಿ," ಎಂದು ಹಾಳೆ ತಿರುವಿದಳು.

ಕೆಲಸಕ್ಕೆ ಸೇರಿದ ಮೊದಲ ವಾರವೇ ನಾನು ಮಾಂಸ ತಿನ್ನುವುದನ್ನು ಬಿಟ್ಟೆ. ವಾಸನೆ ಮರೆಯಲು ಬಾಯಲ್ಲಿ ಸದಾ ಪೆಪ್ಪರಮಿಂಟು. ದಿನಕ್ಕೆ ಇಪ್ಪತ್ತು, ಮೂವತ್ತು. ಈ ಕಾಲನ್ನು ತಿಂದದ್ದು ಅದೇ ಎಂದು ಡಾಕ್ಟರು ಹೇಳುತ್ತಾರೆ. ಇರಬಹುದು. ಜೇಬಿನಲ್ಲಿ ಈಗಲೂ ನಾಲ್ಕಿವೆ.

ಮಾರ್ಚ್ ೧೦, ಸೋಮವಾರ

ಬಿಟ್ಟರು.

ಬೆಳಗ್ಗೆ ಎಂಟಕ್ಕೆ ಮಗನ ಹೆಂಡತಿ ತಣ್ಣನೆಯ ಡಬ್ಬಿಯೊಂದಿಗೆ ಬಂದು ನೆಲದ ಮೇಲೆ ಕೂತಳು. ಕೈಗವಸು ಹಾಕಿಕೊಂಡು ಗಾಯ ತೊಳೆದಳು. ಹುಣ್ಣಿನ ಸುತ್ತ ಅಂಟುವ ಹಾಳೆಯನ್ನು ಕತ್ತರಿಸಿ ಕೂರಿಸಿದಳು. ಆಮೇಲೆ ಶೀಶೆ ತೆಗೆದಳು. ಒಳಗೆ ರವೆಯಂಥವು ಕದಲುತ್ತಿದ್ದವು. ಚೀಟಿಯ ಮೇಲೆ ಇನ್ನೂರು ಎಂದು ಬರೆದಿತ್ತು.

"ಎಣಿಸಿದ್ದೀಯಾ?"

"ಸುಮಾರು ಇನ್ನೂರು, ಮಾವ."

"ಸುಮಾರು ಅಂದ್ರೆ?"

"ಆಯ್ತು, ಇನ್ನೂರು," ಎಂದು ನಕ್ಕಳು.

ಆ ನಗು ಬರೆದಿಡಬೇಕಾದದ್ದು. ಬರೆದಿದ್ದೇನೆ.

ಸುರಿದು, ಮೇಲೆ ತೆಳುವಾದ ಬಲೆ ಹೊದಿಸಿ, ಸುತ್ತಲೂ ಪಟ್ಟಿ ಅಂಟಿಸಿದಳು. ಗುರುವಾರದವರೆಗೆ ಪಟ್ಟಿಯನ್ನು ಯಾರೂ ಮುಟ್ಟಬಾರದು ಎಂದು ಎರಡು ಸಲ ಹೇಳಿದಳು. ಎರಡನೆಯ ಸಲ ನನ್ನ ಮುಖವನ್ನೇ ನೋಡಿ ಹೇಳಿದಳು. ಏನನ್ನು ಮುಚ್ಚಿಡುತ್ತಿದ್ದಾಳೆ?

ಮಾರ್ಚ್ ೧೨, ಬುಧವಾರ

ಕಿಟಕಿಯ ಪಕ್ಕದ ಆರಾಮ ಕುರ್ಚಿಯಲ್ಲೇ ದಿನ ಕಳೆಯುತ್ತಿದ್ದೇನೆ, ಕಾಲನ್ನು ಮೆತ್ತೆಯ ಮೇಲೆ ಚಾಚಿಕೊಂಡು. ಏನೂ ಗೊತ್ತಾಗುವುದಿಲ್ಲ. ಅದೇ ಕೆಟ್ಟದ್ದು. ಇನ್ನೂರು ಬಾಯಿಗಳು ನನ್ನನ್ನು ಉಣ್ಣುತ್ತಿವೆ, ನನಗೆ ಸುದ್ದಿಯಿಲ್ಲ. ಬಲೆಯಿಂದ ಕಂದು ನೀರು ಒಸರುತ್ತಿದೆ, ಖಾರವಾದ ವಾಸನೆ. ಹೆಂಡತಿ ಅಡಿಯ ಬಟ್ಟೆ ಬದಲಿಸಿ, ಮೂಗು ಹಿಡಿದುಕೊಂಡು, "ಅತಿಥಿಗಳು ಊಟ ಮಾಡಿದ್ರಾ?" ಎಂದು ಕೇಳಿ ಹೋಗುತ್ತಾಳೆ.

ಮಧ್ಯಾಹ್ನ ಇಬ್ಬರೂ ಮನೆಯಲ್ಲಿರಲಿಲ್ಲ. ಪಟ್ಟಿಯ ಒಂದು ಅಂಚನ್ನು ಬೆರಳಷ್ಟು ಎತ್ತಿ ನೋಡಿದೆ. ಬರೀ ನೋಡಿದೆ. ಮೇಲ್ವಿಚಾರಣೆ ಇಲ್ಲದ ಕೆಲಸ ಕೆಲಸವೇ ಅಲ್ಲ. ದಪ್ಪಗಾಗಿವೆ. ಬಾಲ ಮೇಲೆ ಮಾಡಿಕೊಂಡು ತಲೆಯನ್ನು ಮಾಂಸದೊಳಗೆ ಹೂತುಕೊಂಡಿವೆ, ಹಂಡೆಯ ಸುತ್ತ ಬಗ್ಗಿದ ಜನರ ಹಾಗೆ. ಎಷ್ಟು ಹೊತ್ತು ನೋಡಿದೆನೋ. ಬಾಗಿಲ ಸದ್ದಾಯಿತು. ಅಂಚನ್ನು ಮತ್ತೆ ಒತ್ತಿ ಅಂಟಿಸಿದೆ. ಸ್ವಲ್ಪ ಒದ್ದೆಯಾಗಿದ್ದರೂ ಅಂಟಿತು.

ಮಾರ್ಚ್ ೧೩, ಗುರುವಾರ

ಮಗನ ಹೆಂಡತಿ ಪಟ್ಟಿ ಬಿಚ್ಚಿದಳು. ಒಂದೊಂದೂ ಬೆಂದ ಅನ್ನದ ಅಗುಳಿನಷ್ಟಾಗಿತ್ತು. ಉಪ್ಪುನೀರು ಹೊಯ್ದು ತಟ್ಟೆಗೆ ಇಳಿಸಿದಳು. ಹುಣ್ಣಿನ ನಡುವಿನ ಹಳದಿ ಹೋಗಿದೆ, ಅಲ್ಲಿ ಕೆಂಪು ಕಾಣುತ್ತಿದೆ. ಇದನ್ನು ಒಪ್ಪಬೇಕು. ನ್ಯಾಯವಾಗಿ ಬರೆಯುತ್ತಿದ್ದೇನೆ.

"ಈಗ ಎಣಿಸು," ಎಂದೆ.

"ಏನು ಮಾವ?"

"ಒಳಗೆ ಹೋದವು ಇನ್ನೂರು. ಹೊರಗೆ ಬಂದವು ಎಷ್ಟು?"

ಅವಳು ಹೆಂಡತಿಯ ಮುಖ ನೋಡಿದಳು. ಹೆಂಡತಿ ಕಾದಂಬರಿಯೊಳಗೆ ಮುಖ ಹುದುಗಿಸಿದಳು. ಮಗನ ಹೆಂಡತಿ ಚಿಮಟಿಗೆಯಲ್ಲಿ ಹತ್ತು ಹತ್ತರ ಗುಂಪು ಮಾಡಿ ಎಣಿಸಿದಳು. ನಾನೂ ಎಣಿಸಿದೆ. ನೂರ ಎಂಬತ್ತೇಳು.

"ಹದಿಮೂರು ಎಲ್ಲಿ?"

"ಒಂದಷ್ಟು ಸಾಯ್ತಾವೆ ಮಾವ, ಅಲ್ಲೇ ಕರಗಿ ಹೋಗ್ತಾವೆ. ಮೊದಲೇ ಇನ್ನೂರು ಇರ್ಲಿಲ್ವೇನೋ. ಪಟ್ಟಿ ಏನಾದ್ರೂ ಸಡಿಲ ಆಗಿತ್ತಾ?"

"ಇಲ್ಲ," ಎಂದೆ.

ಮಾರ್ಚ್ ೧೪, ಶುಕ್ರವಾರ

ಮೀನಖಂಡದಲ್ಲಿ ಏನೋ ಹರಿದಾಡುತ್ತಿದೆ.

ಮಾರ್ಚ್ ೧೫, ಶನಿವಾರ

ಮೊಣಕಾಲಿನ ಹತ್ತಿರ ಬಂದಿವೆ. ಬೆಳಗ್ಗೆ ಎರಡು ಕಡೆ, ಈಗ ನಾಲ್ಕು ಕಡೆ. ಪಾದದಲ್ಲಿ ಸ್ಪರ್ಶವಿಲ್ಲದಿರಬಹುದು, ಮೇಲೆ ಚೆನ್ನಾಗಿಯೇ ಇದೆ. ಡಾಕ್ಟರಿಗೆ ಫೋನು ಮಾಡಿದೆ. "ಅವು ಮೇಲೆ ಹತ್ತೋಕೆ ಆಗಲ್ಲ, ಉಸಿರಾಡೋಕೆ ಗಾಳಿ ಬೇಕು ಅವಕ್ಕೆ," ಎಂದರು. ನನಗೆ ಹೇಳುತ್ತಾರೆ! ಹಂದಿಯ ತೊಡೆಯೊಳಗೆ ಒಂದು ಗೇಣು ಕೆಳಗೆ ಹುಳು ಹಿಡಿದವನು ನಾನು. ಅದು ಸತ್ತ ತೊಡೆ ಎಂಬುದು ನಿಜ. ನನ್ನದು ಎಷ್ಟು ಸತ್ತಿದೆ ಎಂದು ಯಾರಿಗೆ ಗೊತ್ತು?

ಮಗನ ಹೆಂಡತಿ ಬಂದು ಕಾಲನ್ನು ಬೆರಳಿನಿಂದ ತಡವಿ ನೋಡಿದಳು. "ಏನೂ ಇಲ್ಲ ಮಾವ. ಭಯಕ್ಕೆ ಹಾಗನ್ನಿಸತ್ತೆ," ಎಂದಳು. ಭಯ! ನನಗೆ!

ಅಪರಾಧಿಯೇ ತನಿಖೆ ಮಾಡಿದರೆ ಹೀಗೆಯೇ.

ಮಾರ್ಚ್ ೧೭, ಸೋಮವಾರ

ಆರೋಗ್ಯ ಇಲಾಖೆಗೆ ಪತ್ರ ಬರೆದೆ. ಎರಡು ಪುಟ, ಏಳು ಅಂಶಗಳು. ಎಣಿಕೆಯಿಲ್ಲದೆ ಜೀವಂತ ಮಾಂಸಭಕ್ಷಕ ಹುಳುಗಳ ವಿತರಣೆ. ಪ್ರಶ್ನಿಸಿದಾಗ ಹಾರಿಕೆಯ ಉತ್ತರ. ರೋಗಿಯ ದೇಹದಲ್ಲಿ ಹದಿಮೂರು ಉಳಿದಿರುವ ಬಲವಾದ ಅನುಮಾನ. ಕೂಡಲೇ ಘಟಕವನ್ನು ಮುಚ್ಚಿಸಿ ತನಿಖೆ ನಡೆಸಬೇಕೆಂದು ಕೋರಿಕೆ. ಕೆಳಗೆ ಸಹಿ, ನಿವೃತ್ತ ಮಾಂಸ ತಪಾಸಣಾಧಿಕಾರಿ. ಹೆಸರನ್ನು ಗುಟ್ಟಾಗಿಡಲು ವಿನಂತಿ.

ನನ್ನ ಒಂದು ವರದಿಯೂ ಇದುವರೆಗೆ ತಿರಸ್ಕಾರವಾಗಿಲ್ಲ. ಬಹಳ ದಿನಗಳ ಮೇಲೆ ಹೊಟ್ಟೆ ತುಂಬ ಊಟ ಮಾಡಿದೆ.

ಮಾರ್ಚ್ ೨೦, ಗುರುವಾರ

ಗಾಜಿನ ಕೋಣೆಗೆ ಬೀಗ ಹಾಕಿದರು.

ಸೊಸೆ ಮಧ್ಯಾಹ್ನವೇ ಮನೆಗೆ ಬಂದಳು. ಚಪ್ಪಲಿ ಬಿಡದೆ ಅಡುಗೆಮನೆಯ ಸ್ಟೂಲಿನ ಮೇಲೆ ಕೂತಳು. ಇಲಾಖೆಯವರು ಮೂವರು ಬಂದಿದ್ದರಂತೆ. ಮೊಟ್ಟೆ, ಮರಿ, ನೊಣ ಎಲ್ಲವನ್ನೂ ಚೀಲಕ್ಕೆ ತುಂಬಿ ಸುಟ್ಟುಹಾಕಿಸಿದರಂತೆ. ತನಿಖೆ ಮುಗಿಯುವವರೆಗೆ ಅವಳು ಕೆಲಸಕ್ಕೆ ಬರಬಾರದಂತೆ.

"ಯಾರೋ ದೂರು ಕೊಟ್ಟಿದಾರೆ ಅತ್ತೆ. ಹೋದ ವರ್ಷ ಕೆಲಸ ಬಿಟ್ಟನಲ್ಲ, ಆ ಸ್ಟೋರ್ ಕೀಪರ್ರೇ ಇರ್ಬೇಕು. ಐದು ಜನ ರೋಗಿಗಳು ಅರ್ಧದಲ್ಲಿದಾರೆ. ಮಾವನ್ನೂ ಸೇರಿಸಿ."

ಈ ಕೊನೆಯದನ್ನು ನಾನು ಯೋಚಿಸಿರಲಿಲ್ಲ.

ಹೆಂಡತಿ ನೀರು ಕೊಟ್ಟಳು. ನೀರು ಕೊಡುವಾಗ ಅವಳ ಕಣ್ಣು ಸೊಸೆಯ ಮೇಲಿರಲಿಲ್ಲ, ನನ್ನ ಮೇಲಿತ್ತು.

ಮಾರ್ಚ್ ೨೨, ಶನಿವಾರ

ಸೊಸೆಗೆ ಮಾಡಲು ಬೇರೆ ಕೆಲಸವಿಲ್ಲ. ಬೆಳಗ್ಗೆ, ಸಂಜೆ ನನ್ನ ಗಾಯ ತೊಳೆಯುತ್ತಾಳೆ. ಮಂಡಿಯೂರಿ, ದೀಪವನ್ನು ಹತ್ತಿರಕ್ಕೆ ಎಳೆದುಕೊಂಡು, ಸತ್ತ ಪದರವನ್ನು ಚಿಮಟಿಗೆಯಿಂದ ಎಳೆಎಳೆಯಾಗಿ ತೆಗೆಯುತ್ತಾಳೆ. ಹುಳುಗಳು ಎರಡು ದಿನದಲ್ಲಿ ಮಾಡುವುದನ್ನು ಅವಳ ಕೈ ಎರಡು ವಾರದಲ್ಲೂ ಮಾಡಲಾರದು ಎಂದು ಅವಳೇ ಹೇಳಿದಳು.

ಅವಳಿಗೆ ನನ್ನ ಮೇಲೆ ಅನುಮಾನವಿದ್ದರೆ ಹೀಗೆ ಕೂರುತ್ತಿದ್ದಳೇ? ಅಥವಾ ಅನುಮಾನವಿದ್ದೇ ಹೀಗೆ ಕೂರುತ್ತಾಳೆಯೇ, ನಾನಾಗಿಯೇ ಬಾಯಿ ಬಿಡಲಿ ಎಂದು? ಅಂಥ ವಿಚಾರಣೆಗಳನ್ನು ನಾನೂ ನಡೆಸಿದ್ದೇನೆ.

ಹೆಂಡತಿ ಮೂರು ದಿನದಿಂದ ಗಟ್ಟಿಯಾಗಿ ಓದುತ್ತಿಲ್ಲ. ಕೇಳಿದ್ದಕ್ಕೆ, "ಊರಿನಡಿಯ ಬಾಯಿ ಯಾರ ಮನೆಯಲ್ಲಿದೆ ಅಂತ ಗೊತ್ತಾಯ್ತು. ಇನ್ನೇನು ಓದೋದು," ಎಂದಳು.

ಹರಿದಾಟ ನಿಂತಿದೆ. ಯಾವಾಗ ನಿಂತಿತು ಎಂದು ಬರೆದಿಟ್ಟಿಲ್ಲ.

ಮಾರ್ಚ್ ೨೫, ಮಂಗಳವಾರ

ಅಂಚು ಮತ್ತೆ ಕಪ್ಪಾಗಿದೆ. ಕಾಲು ತೆಗೆಯಲು ಡಾಕ್ಟರು ಏಪ್ರಿಲ್ ೪ ಎಂದು ದಿನ ಕೊಟ್ಟರು.

ಮಾರ್ಚ್ ೨೯, ಶನಿವಾರ

ಬೆಳಗ್ಗೆ ಕಿಟಕಿಯ ಗಾಜಿನ ಮೇಲೆ ಮೂರು ನೊಣಗಳು ಕೂತಿದ್ದವು. ಒಳಗಡೆ. ಹಸಿರು ಬೆನ್ನು, ತಾಮ್ರದ ಹೊಳಪು. ರೆಕ್ಕೆಗಳು ಇನ್ನೂ ಮೆತ್ತಗಿದ್ದವು. ಹೊಸದಾಗಿ ಹುಟ್ಟಿದ ನೊಣವನ್ನು ಅದರ ನಡಿಗೆಯಲ್ಲೇ ಗುರುತಿಸಬಲ್ಲೆ. ಅದು ಹಾರುವುದಿಲ್ಲ, ಹೊಸ ಬೂಟು ಹಾಕಿಕೊಂಡವರ ಹಾಗೆ ನಡೆಯುತ್ತದೆ.

ಕಿಟಕಿಗೆ ಬಲೆಯಿದೆ. ಬಾಗಿಲಿಗೆ ಬಲೆಯಿದೆ. ನೊಣಪ್ಪನ ಮನೆಯೊಳಗೆ ನೊಣ ಬರುವ ದಾರಿಯೇ ಇಲ್ಲ. ಹಾಗಾದರೆ ಇಲ್ಲೇ ಹುಟ್ಟಿವೆ.

ಹುಡುಕಿದೆ. ಒಂಟಿ ಕಾಲಿನಲ್ಲಿ, ಊರುಗೋಲು ಹಿಡಿದು, ಮೂಲೆ ಮೂಲೆ. ಕೊನೆಗೆ ಆರಾಮ ಕುರ್ಚಿಯ ಮೆತ್ತೆ ಎತ್ತಿದೆ. ಹೊಲಿಗೆಯ ಮಡಿಕೆಯಲ್ಲಿ ಕಂದು ಬಣ್ಣದ ಗೂಡುಗಳು, ಸೋರೆಬೀಜಕ್ಕಿಂತ ಚಿಕ್ಕವು, ಸಾಲಾಗಿ. ಕೆಲವು ತುದಿಯೊಡೆದು ಖಾಲಿ, ಕೆಲವು ಇನ್ನೂ ಭಾರ. ಎಣಿಸಿದೆ. ಹನ್ನೊಂದು.

ನೆಲದ ಮೇಲೆಯೇ ಕೂತುಬಿಟ್ಟೆ. ಹೆಂಡತಿ ಬಂದು ಬಾಗಿಲಲ್ಲಿ ನಿಂತಳು.

"ಇನ್ನೆರಡು ಸಿಗ್ತಾ ಇಲ್ಲ," ಎಂದೆ.

"ನಿಮ್ಮ ತಲೆಯೊಳಗೆ ನೋಡಿ, ಇದ್ರೂ ಇರ್ಬಹುದು," ಎಂದಳು. ಆಮೇಲೆ ಪಕ್ಕದಲ್ಲಿ ಕೂತು, ತಗ್ಗಿದ ದನಿಯಲ್ಲಿ, "ಪಟ್ಟಿ ಬಿಚ್ಚಿದ್ರಿ, ಅಲ್ವಾ?" ಎಂದು ಕೇಳಿದಳು.

"ಎತ್ತಿ ನೋಡಿದೆ. ಬರೀ ನೋಡಿದೆ."

"ಕಾಗದಾನೂ ಬರೆದ್ರಿ."

ಕೈಯಲ್ಲಿದ್ದ ಗೂಡನ್ನು ಉಳಿದವುಗಳ ಸಾಲಿಗೆ ಇಟ್ಟೆ.

"ಸೋಮವಾರ ಬಾಗಿಲು ತೆಗೆಯೋ ಹೊತ್ತಿಗೆ ಇಲಾಖೆಯ ಮುಂದೆ ನೀವು ಇರ್ಬೇಕು. ನಾನು ಜೊತೆಗೆ ಬರಲ್ಲ. ಬರೆಯೋವಾಗ ನಾನು ಜೊತೆಗಿರ್ಲಿಲ್ಲ."

ಮೂವತ್ತೊಂಬತ್ತು ವರ್ಷದ ಸಂಸಾರದಲ್ಲಿ ಅವಳು ಈ ದನಿಯಲ್ಲಿ ಮಾತಾಡಿದ್ದು ಇದೇ ಮೊದಲು.

ಮಾರ್ಚ್ ೩೧, ಸೋಮವಾರ

ಗೂಡುಗಳನ್ನು ಬೆಂಕಿಪೊಟ್ಟಣದಲ್ಲಿ ಹಾಕಿಕೊಂಡು ಆಟೊ ಹತ್ತಿ ಹೋದೆ. ಇಲಾಖೆಯ ಅಧಿಕಾರಿ ಚಿಕ್ಕ ಪ್ರಾಯದವಳು. ನನ್ನ ಪತ್ರವನ್ನು ಫೈಲಿನಿಂದ ತೆಗೆದು ಮುಂದಿಟ್ಟಳು. ಅಚ್ಚುಕಟ್ಟಾದ ಪತ್ರ. ಏಳು ಅಂಶ, ಒಂದು ತಪ್ಪಿಲ್ಲ.

"ಹಾಗಾದ್ರೆ ದೂರು ವಾಪಸ್ ತಗೊಳ್ತೀರಾ ಸರ್?"

"ವಾಪಸ್ ಅಲ್ಲಮ್ಮ. ಸುಳ್ಳು ಅಂತ ಬರ್ಕೊಳ್ಳಿ. ಪಟ್ಟಿಯ ಅಂಚನ್ನ ನಾನೇ ಎತ್ತಿದ್ದೆ. ಕೇಳಿದಾಗ ಇಲ್ಲ ಅಂದೆ."

"ನಮ್ಮ ಪರೀಕ್ಷೆಯಲ್ಲೂ ಏನೂ ಸಿಕ್ಕಿಲ್ಲ. ಅಷ್ಟು ಸ್ವಚ್ಛವಾದ ಕೋಣೆ ನಾನು ನೋಡೇ ಇಲ್ಲ," ಎಂದಳು. ಪೊಟ್ಟಣ ತೆರೆದು, ಬೆಚ್ಚಿ, ಮುಚ್ಚಿದಳು. ಒಂದು ನೊಣ ಆಗಲೇ ಹೊರಬಿದ್ದಿತ್ತು.

ಸಂಜೆ ಸೊಸೆಗೆ ಹೇಳಿದೆ. ಅವಳು ಪಾತ್ರೆ ತೊಳೆಯುತ್ತಿದ್ದಳು. ಎಲ್ಲ ಹೇಳಿ ಮುಗಿಸುವವರೆಗೂ ನಲ್ಲಿ ಹರಿಯುತ್ತಲೇ ಇತ್ತು. ಆಮೇಲೆ ನಿಲ್ಲಿಸಿದಳು. ಬೈಯುತ್ತಾಳೆ ಎಂದುಕೊಂಡೆ. ಬೈದಿದ್ದರೆ ಒಳ್ಳೆಯದಿತ್ತು.

"ಹನ್ನೊಂದು ದಿನ, ಮಾವ," ಎಂದಳು. "ಒಬ್ಬರು ಹೊಲಿಗೆಯಮ್ಮ ಇದ್ರು. ಎರಡು ಸುತ್ತು ಆಗಿತ್ತು, ಇನ್ನೊಂದೇ ಒಂದು ಬಾಕಿ ಇತ್ತು. ಗಾಯ ವಾಸಿಯಾಗೋಕೆ ಶುರುವಾಗಿತ್ತು. ಬೀಗ ಬಿದ್ಮೇಲೆ ಕೀವು ಮೂಳೆಗಿಳೀತು. ಶುಕ್ರವಾರ ಮೊಣಕಾಲಿನ ಕೆಳಗೆ ತೆಗೆದ್ರು."

ಕೈ ಒರೆಸಿಕೊಂಡು ಹೊರಗೆ ಹೋದಳು.

ಏಪ್ರಿಲ್ ೩, ಗುರುವಾರ

ಇಲಾಖೆ ಬೀಗ ತೆಗೆದು, ಹುಳು ಬಳಸಲು ಮತ್ತೆ ಅನುಮತಿ ಕೊಟ್ಟಿತು. ಇಲ್ಲಿನವು ಸುಟ್ಟುಹೋದದ್ದರಿಂದ ಬೇರೆ ಊರಿನ ಘಟಕದಿಂದ ಮರಿಗಳನ್ನು ತರಿಸಿದ್ದಾಳೆ. ಡಾಕ್ಟರು ನಾಳೆಯ ಆಪರೇಷನ್ನು ಮುಂದೂಡಿದರು. ಬೆಳಗ್ಗೆ ಎಂಟಕ್ಕೆ ಸರಿಯಾಗಿ ಸೊಸೆ ಬಂದು ಕೂತಳು, ತೊಳೆದಳು, ಬಿಟ್ಟಳು, ಅಂಟಿಸಿದಳು.

ಇಡೀ ದಿನ ಕೈಗಳನ್ನು ತೊಡೆಯ ಕೆಳಗೆ ಇಟ್ಟುಕೊಂಡು ಕೂತಿದ್ದೆ.

ಏಪ್ರಿಲ್ ೬, ಭಾನುವಾರ

ಕಪ್ಪು ಹೋಗಿದೆ. ಅಂಚಿನವರೆಗೂ ಕೆಂಪು. ಹೊಟ್ಟೆ ತುಂಬಿದ ಮೇಲೆ ಈ ಅತಿಥಿಗಳು ತಾವಾಗಿಯೇ ಗಾಯದಿಂದ ಬಾಯಿ ಎತ್ತುತ್ತಾರೆ. ಬಲೆಯ ಮೇಲ್ಭಾಗಕ್ಕೆ ಬಂದು ಸುಮ್ಮನೆ ಕಾಯುತ್ತಾರೆ. ಇಷ್ಟು ವರ್ಷ ಇವರನ್ನು ಕೊಂದೆ, ಇದೊಂದನ್ನು ನೋಡಿರಲಿಲ್ಲ.

"ಆ ಹೊಲಿಗೆಯಮ್ಮನ ಮನೆ ಎಲ್ಲಿ?" ಎಂದು ಕೇಳಿದೆ.

"ರೋಗಿಗಳ ವಿಳಾಸ ಹೇಳೋ ಹಾಗಿಲ್ಲ," ಎಂದಳು ಸೊಸೆ. ಒಂದು ವಾರದಲ್ಲಿ ನನ್ನೊಡನೆ ಆಡಿದ ಮೊದಲ ವಾಕ್ಯ.

ಏಪ್ರಿಲ್ ೧೯, ಶನಿವಾರ

ಮಗ ಬಂದು ಎರಡು ದಿನ ಇದ್ದ. ಅವನಿಗೆ ಎಲ್ಲ ಗೊತ್ತಾಗಿದೆ. ನನ್ನೆದುರು ಕೂತು, "ನಿಮಗೆ ಮನೇಲಿ ಯಾರ ಮೇಲಾದ್ರೂ ನಂಬಿಕೆ ಇದ್ಯಾ ಅಪ್ಪಾ?" ಎಂದು ಕೇಳಿದ. ಜಗಳಕ್ಕೆ ಕೇಳಿದ್ದಲ್ಲ. ನಿಜವಾಗಿ ತಿಳಿದುಕೊಳ್ಳಲು ಕೇಳಿದ.

ಮೂರನೆಯ ಸುತ್ತು ಮುಗಿಯಿತು. ಡಾಕ್ಟರು ಹಿಮ್ಮಡಿ ಒತ್ತಿ ನೋಡಿ, "ಇನ್ನು ನನಗಿಲ್ಲಿ ಕೆಲಸ ಇಲ್ಲ," ಎಂದರು.

ಮೇ ೧೬, ಶುಕ್ರವಾರ

ಹೊಸ ಚರ್ಮ ಪೂರ್ತಿ ಮುಚ್ಚಿದೆ. ಬೂಟಿಲ್ಲದೆ ಅಡುಗೆಮನೆಯವರೆಗೆ ನಡೆದೆ. ಹೆಂಡತಿ ನೋಡಿಯೂ ನೋಡದ ಹಾಗೆ ಇನ್ನೊಂದು ತಟ್ಟೆ ಇಟ್ಟಳು.

ಸೊಸೆ ಕೆಲಸದಿಂದ ಬಂದವಳು ಬ್ಯಾಗು ಇಳಿಸುತ್ತಾ, "ಹೊಲಿಗೆಯಮ್ಮನ್ನ ನಾನೇ ಕೇಳಿದೆ. ಯಾರು, ಏನು, ಎಲ್ಲಾ ಹೇಳಿದೆ. ಬರ್ಲಿ ಅಂದ್ರು. ಸೋಮವಾರ," ಎಂದಳು.

ಮೇ ೧೯, ಸೋಮವಾರ

ರಸ್ತೆಗೇ ಬಾಗಿಲು ತೆರೆಯುವ ಒಂದು ಕೋಣೆ. ಕಿಟಕಿಯ ಬೆಳಕಿಗೆ ಹೊಲಿಗೆಯ ಮಿಷನ್ನು. ಹಗ್ಗದ ಮೇಲೆ ಶಾಲೆಯ ಬಿಳಿ ಅಂಗಿಗಳು, ಕಾಲರಿಲ್ಲದವು. ಸೊಸೆ ನನ್ನನ್ನು ಬಾಗಿಲಿನವರೆಗೆ ತಲುಪಿಸಿ, ಒಂದು ಗಂಟೆಗೆ ಬರುತ್ತೇನೆಂದು ಹೇಳಿ ಹೊರಟುಹೋದಳು.

ಹೊಲಿಗೆಯಮ್ಮ ನನ್ನ ಹೆಂಡತಿಯ ವಯಸ್ಸಿನವಳು. ಕನ್ನಡಕ ದಾರದಲ್ಲಿ ನೇತಾಡುತ್ತಿತ್ತು. ಬಲಗಾಲಿನ ಕಡೆ ಉಡುಪನ್ನು ಮಡಿಸಿ, ಒಳಹೊಲಿಗೆ ಕಾಣದ ಹಾಗೆ ಹೊಲಿದುಕೊಂಡಿದ್ದಳು. ಕೂರಿ ಎನ್ನಲಿಲ್ಲ.

"ನೀವೇನಾ ಬರೆದಿದ್ದು?"

"ನಾನೇ."

"ಯಾಕೆ?"

ದಾರಿಯುದ್ದಕ್ಕೂ ಉತ್ತರ ಜೋಡಿಸಿಕೊಂಡು ಬಂದಿದ್ದೆ. ನನ್ನ ಕಸುಬು, ನನ್ನ ಅನುಭವ, ಎಣಿಕೆಯ ಪ್ರಶ್ನೆ.

"ಭಯ ಆಗಿತ್ತು," ಎಂದೆ.

"ನನಗೂ ಆಗಿತ್ತು. ನಾನು ಯಾರ ಬಾಗಿಲಿಗೂ ಬೀಗ ಹಾಕಿಸ್ಲಿಲ್ಲ."

ರಸ್ತೆಯಲ್ಲಿ ಯಾರೋ ಸೈಕಲ್ ಬೆಲ್ಲು ಬಾರಿಸುತ್ತಾ ಹೋದರು.

"ಕಾಲು ತೋರಿಸಿ," ಎಂದಳು.

ಗೋಡೆ ಹಿಡಿದು ನಿಂತು ಬೂಟು ಬಿಚ್ಚಿದೆ. ಅವಳು ಕನ್ನಡಕ ಏರಿಸಿ, ಬಗ್ಗಿ, ಹಿಮ್ಮಡಿಯನ್ನು ಎಲ್ಲ ದಿಕ್ಕಿನಿಂದ ನೋಡಿದಳು. ಹೊಸ ಚರ್ಮ ಹಳೆಯದನ್ನು ಸೇರುವ ಗೆರೆಯ ಮೇಲೆ ಬೆರಳಿಟ್ಟು ಪೂರ್ತಿ ಒಂದು ಸುತ್ತು ಬಂದಳು.

"ಚೆನ್ನಾಗಿ ಕೂಡಿದೆ," ಎಂದಳು. ಕನ್ನಡಕ ಇಳಿಸಿ, "ನಂದೂ ಇಷ್ಟೇ ಚೆನ್ನಾಗಿ ಕೂಡ್ತಿತ್ತು," ಎಂದಳು.

"ಕ್ಷಮಿಸಿ ಅಂತ ಕೇಳೋಕೆ ಬಂದೆ."

"ಅದನ್ನ ಕೊಟ್ಟು ನಾನೇನು ಮಾಡ್ಲಿ, ತಗೊಂಡು ನೀವೇನು ಮಾಡ್ತೀರಿ? ನನ್ನ ಹತ್ರ ಅಂಥದ್ದೇನೂ ಇಲ್ಲ." ಮಿಷನ್ನಿನ ಮುಂದೆ ಸರಿದು ಕೂತಳು. "ಶನಿವಾರಕ್ಕೆ ನಲವತ್ತು ಅಂಗಿ ಹೋಗ್ಬೇಕು. ಬಲಗಾಲಲ್ಲಿ ತುಳಿದು ಅಭ್ಯಾಸ, ಈ ಎಡಗಾಲು ಹೇಳಿದ ಮಾತು ಕೇಳಲ್ಲ. ಬಂದಿದ್ದೀರಲ್ಲ, ಆ ಚಕ್ರ ತಿರುಗಿಸಿ."

ಸ್ಟೂಲು ಎಳೆದುಕೊಂಡು ಕೂತೆ. ಚಕ್ರ ಹಿಡಿದು ತಿರುಗಿಸಿದೆ. ದಾರ ಫಟ್ಟನೆ ಕಿತ್ತುಹೋಯಿತು.

"ನಿಧಾನ. ಬಟ್ಟೆ ಹೋಗೋ ವೇಗಕ್ಕೆ, ನಿಮ್ಮ ವೇಗಕ್ಕಲ್ಲ."

ಮತ್ತೆ ಪೋಣಿಸಿದಳು. ಮತ್ತೆ ತಿರುಗಿಸಿದೆ. ನಿಲ್ಲಿಸಿ ಎಂದಾಗ ನಿಲ್ಲಿಸಿದೆ, ಹೂಂ ಎಂದಾಗ ತಿರುಗಿಸಿದೆ. ಒಂದು ಗಂಟೆಯ ಹೊತ್ತಿಗೆ ಒಂಬತ್ತು ಕಾಲರುಗಳಾದವು. ಎಂಟನೆಯದನ್ನು ಅವಳು ಬಿಚ್ಚಿ ಇನ್ನೊಮ್ಮೆ ಹೊಲಿದಳು, ನನ್ನ ತಪ್ಪಿಗೆ.

ಸೊಸೆ ಬಾಗಿಲಲ್ಲಿ ಕಾಣಿಸಿಕೊಂಡಾಗ ಹೊಲಿಗೆಯಮ್ಮ ತಲೆಯೆತ್ತದೆ, "ನಾಳೆ ಒಂಬತ್ತಕ್ಕೆ. ತಡ ಮಾಡ್ಬೇಡಿ," ಎಂದಳು. ಹೇಳಿದ್ದು ನನಗೆ.

ಬಸ್ಸಿನಲ್ಲಿ ಸೊಸೆ ಇಬ್ಬರಿಗೂ ಟಿಕೆಟು ತೆಗೆದುಕೊಂಡಳು. ಆಮೇಲೆ, "ಏನಂದ್ರು ಮಾವ?" ಎಂದಳು.

"ಚಕ್ರ ತುಂಬ ಜೋರಾಗಿ ತಿರುಗಿಸ್ತೀನಂತೆ."

ಅವಳು ಮುಖವನ್ನು ಕಿಟಕಿಯ ಕಡೆ ತಿರುಗಿಸಿಕೊಂಡಳು. ಭುಜ ಅಲುಗುತ್ತಿತ್ತು. ನಕ್ಕಳೋ, ಅತ್ತಳೋ, ಬಗ್ಗಿ ನೋಡಲು ಹೋಗಲಿಲ್ಲ.